ಹೆಂಚಿನ ಕಾರ್ಖಾನೆಯ ಸದ್ದು ಚಿತ್ರದ ಸಂಗೀತವಾಗಬಹುದೇ? ಹೊಸ ಸಂಯೋಜಕರೊಬ್ಬರ ಪ್ರಶ್ನೆಗೆ ಉತ್ತರ

ಪ್ರಶ್ನೆ: ನಾನು ಮಂಗಳೂರಿನವನು. ಕೆಲವು ವರ್ಷಗಳಿಂದ ಲ್ಯಾಪ್‌ಟಾಪಿನಲ್ಲಿ ಎಲೆಕ್ಟ್ರಾನಿಕ್ ಸಂಗೀತ ಮಾಡುತ್ತಿದ್ದೇನೆ. ಶಾಸ್ತ್ರೀಯ ಸಂಗೀತ ಕಲಿತಿಲ್ಲ. ಮುಚ್ಚಿಹೋದ ಹೆಂಚಿನ ಕಾರ್ಖಾನೆಯ ಸುತ್ತ ನಡೆಯುವ ಕಥೆಯೊಂದನ್ನು ಗೆಳೆಯ ತನ್ನ ಮೊದಲ ಚಲನಚಿತ್ರವಾಗಿ ಮಾಡುತ್ತಿದ್ದಾನೆ, ಸಂಗೀತ ನನ್ನದು. ‘ಹಾಡು ಬೇಡ, ಪಿಟೀಲು ಬೇಡ, ಬೇರೆ ಏನಾದರೂ ಮಾಡು’ ಎನ್ನುತ್ತಾನೆ. ಚಿತ್ರೀಕರಣ ಇನ್ನೂ ಶುರುವಾಗಿಲ್ಲ. ನಾನು ಮಾಡಿದ ಮಾದರಿಯನ್ನು ಕೇಳಿದ ನಿರ್ಮಾಪಕರು ‘ಇದು ಬರೀ ಸದ್ದು, ಸಂಗೀತ ಎಲ್ಲಿದೆ?’ ಎಂದರು. ಎಲ್ಲಿಂದ ಶುರು ಮಾಡಲಿ? ಯಾರ ಕೆಲಸವನ್ನು ಕೇಳಿ ಕಲಿಯಲಿ? ಹೊಸ ಸಿಂಥಸೈಜರ್ ಕೊಳ್ಳಲೇಬೇಕೇ?

ಉತ್ತರ: ಕೊನೆಯ ಪ್ರಶ್ನೆಯನ್ನೇ ಮೊದಲು ತೆಗೆದುಕೊಳ್ಳುತ್ತೇನೆ, ಅದಕ್ಕೆ ಉತ್ತರ ಸುಲಭ. ಈಗ ಏನನ್ನೂ ಕೊಳ್ಳಬೇಡಿ. ಚಿತ್ರೀಕರಣ ಇನ್ನೂ ಶುರುವಾಗಿಲ್ಲ ಎಂದು ಬರೆದಿದ್ದೀರಲ್ಲ, ಅದೇ ನಿಮ್ಮ ಕೈಯಲ್ಲಿರುವ ದೊಡ್ಡ ಬಂಡವಾಳ. ನಮ್ಮಲ್ಲಿ ಬಹುತೇಕ ಸಂಯೋಜಕರ ಕೈಗೆ ಚಿತ್ರ ಬರುವುದು ಸಂಕಲನ ಮುಗಿದು, ಬಿಡುಗಡೆಯ ದಿನಾಂಕ ಗೊತ್ತಾಗಿ, ಎಲ್ಲರೂ ಅವಸರದಲ್ಲಿರುವಾಗ. ನಿಮಗೆ ಅದು ಕಥೆಯ ಹಂತದಲ್ಲೇ ಸಿಕ್ಕಿದೆ. ಒಂದು ರೆಕಾರ್ಡರ್ ಹಿಡಿದು ಆ ಕಾರ್ಖಾನೆಗೆ ಹೋಗಿ. ಚಿತ್ರದ ಸಂಗೀತಕ್ಕೆ ಬೇಕಾದ ಕಚ್ಚಾ ಸಾಮಗ್ರಿ ಅಲ್ಲೇ ಬಿದ್ದಿದೆ ಎನ್ನುವುದು ನನ್ನ ದೃಢವಾದ ನಂಬಿಕೆ. ಅದಕ್ಕೆ ಆಧಾರವನ್ನೂ ಕೊಡುತ್ತೇನೆ.

ಸೋವಿಯತ್ ಕಾಲದ ಪರಮಾಣು ಸ್ಥಾವರ ದುರಂತದ ಬಗ್ಗೆ 2019ರಲ್ಲಿ ಬಂದ ‘ಚೆರ್ನೋಬಿಲ್’ ಎಂಬ ಐದು ಕಂತುಗಳ ಸರಣಿಯನ್ನು ನೀವು ನೋಡಿರಬಹುದು. ಅದರ ಸಂಗೀತ ಐಸ್‌ಲ್ಯಾಂಡಿನ ಹಿಲ್ದುರ್ ಗುದ್ನಾದೋತ್ತಿರ್ ಅವರದು. ಸರಣಿಯ ಕೆಲವು ಭಾಗಗಳ ಚಿತ್ರೀಕರಣ ನಡೆದದ್ದು ಲಿಥುವೇನಿಯಾದ ಇಗ್ನಾಲಿನಾ ಎಂಬ ಪರಮಾಣು ವಿದ್ಯುತ್ ಸ್ಥಾವರದಲ್ಲಿ. ಅದು ಚೆರ್ನೋಬಿಲ್‌ನ ಮಾದರಿಯದೇ ಸ್ಥಾವರ, 2009ರಲ್ಲಿ ಪೂರ್ತಿ ನಿಂತುಹೋಗಿತ್ತು. ಹಿಲ್ದುರ್ ರಕ್ಷಣಾ ಉಡುಪು ತೊಟ್ಟು ಅಲ್ಲಿಗೆ ಹೋದರು. ಜೊತೆಗೆ, ಕಾಡು, ಸಮುದ್ರ, ಹಿಮದ ಸದ್ದುಗಳನ್ನು ಹಿಡಿಯುವುದರಲ್ಲಿ ಹೆಸರಾದ ಬ್ರಿಟನ್ನಿನ ಕ್ರಿಸ್ ವಾಟ್ಸನ್ ಮತ್ತು ಸಂಗೀತ ನಿರ್ಮಾಪಕ ಸ್ಯಾಮ್ ಸ್ಲೇಟರ್ ಇದ್ದರು. ಪಂಪುಗಳು, ಕೊಳವೆಗಳು, ಬಾಗಿಲುಗಳು, ಖಾಲಿ ಹಜಾರಗಳು, ಹೀಗೆ ಅಲ್ಲಿ ಏನೇನು ಕೇಳಿಸುತ್ತದೋ ಅದನ್ನೆಲ್ಲ ಹಿಡಿದು ತಂದರು. ಸಾಂಪ್ರದಾಯಿಕ ವಾದ್ಯಗಳನ್ನು ಬದಿಗಿಟ್ಟು, ಸ್ಥಾವರದ ಸದ್ದು ಮತ್ತು ಮನುಷ್ಯರ ಕಂಠ ಇಷ್ಟರಿಂದಲೇ ಸಂಗೀತವನ್ನು ಕಟ್ಟಿದರು. ಹಿಲ್ದುರ್ ಸ್ವತಃ ಚೆಲ್ಲೋ (ಪಿಟೀಲಿನ ಜಾತಿಯ ದೊಡ್ಡ ವಾದ್ಯ) ವಾದಕಿ, ಅದು ಅವರ ಉಸಿರು. ಅಂಥವರು ಈ ಕೃತಿಗಾಗಿ ಚೆಲ್ಲೋವನ್ನು ಪಕ್ಕಕ್ಕಿಟ್ಟರು ಎನ್ನುವುದು ನನಗೆ ದೊಡ್ಡ ವಿಷಯವಾಗಿ ಕಾಣುತ್ತದೆ.

ಅವರು ಬಳಸಿದ ಒಂದು ತಂತ್ರ ನಿಮಗೆ ನೇರವಾಗಿ ಉಪಯೋಗಕ್ಕೆ ಬರುವಂಥದ್ದು, ಆದ್ದರಿಂದ ಸ್ವಲ್ಪ ಬಿಡಿಸಿ ಹೇಳುತ್ತೇನೆ. ಖಾಲಿ ಹಜಾರವೊಂದರಲ್ಲಿ ಬಲೂನು ಒಡೆದರೆ ‘ಟಪ್’ ಎಂಬ ಸದ್ದು ಕ್ಷಣದಲ್ಲಿ ಮುಗಿಯುತ್ತದೆ, ಆದರೆ ಅದರ ಅನುರಣನ ಗೋಡೆ, ಛಾವಣಿ, ಕಂಬಗಳಿಗೆ ತಾಗಿ ಮರಳುತ್ತ ಇನ್ನೂ ಕೆಲವು ಸೆಕೆಂಡು ಉಳಿಯುತ್ತದೆ. ಆ ಬಾಲದಲ್ಲಿ ಹಜಾರದ ಗಾತ್ರ, ಗೋಡೆಯ ಗಟ್ಟಿತನ, ಛಾವಣಿಯ ಎತ್ತರ ಎಲ್ಲವೂ ದಾಖಲಾಗಿರುತ್ತವೆ. ಅದನ್ನು ಶುದ್ಧವಾಗಿ ಹಿಡಿದು ‘ಕನ್ವಲ್ಯೂಷನ್’ ಎಂಬ ಗಣಿತ ಕ್ರಿಯೆ ಮಾಡುವ ತಂತ್ರಾಂಶಕ್ಕೆ ಕೊಟ್ಟರೆ, ಬೇರೆ ಯಾವುದೇ ಧ್ವನಿಯನ್ನು ಅದೇ ಹಜಾರದಲ್ಲಿ ಹುಟ್ಟಿದಂತೆ ಕೇಳಿಸಬಹುದು. ಸ್ಟುಡಿಯೋದಲ್ಲಿ ಹಾಡಿದ ದನಿ ಸ್ಥಾವರದ ಒಳಗಿನಿಂದ ಬಂದಂತೆ ಕೇಳಿಸುವುದು ಹೀಗೆ. ವಿಕಿರಣಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ, ಕ್ಯಾಮೆರಾಕ್ಕೆ ಅದು ಸಿಕ್ಕುವುದಿಲ್ಲ. ಆ ಸರಣಿಯಲ್ಲಿ ವಿಕಿರಣದ ಇರುವಿಕೆಯನ್ನು ಹೊತ್ತದ್ದು ಈ ಸದ್ದು. ನೋಡುತ್ತಿರುವವರಿಗೆ ಇದು ಪಂಪು, ಇದು ಬಾಗಿಲು ಎಂದು ತಿಳಿಯುವುದಿಲ್ಲ, ತಿಳಿಯಬೇಕಾಗಿಯೂ ಇಲ್ಲ. ಆದರೆ ಹೊರಗಿನಿಂದ ಯಾರೋ ಬಂದು ಇಲ್ಲಿ ಭಯಪಡಿ, ಇಲ್ಲಿ ಅಳಿ ಎಂದು ಹೇಳುತ್ತಿದ್ದಾರೆ ಎಂದು ಒಮ್ಮೆಯೂ ಅನಿಸುವುದಿಲ್ಲ.

ಹೊಸಬರು ಹಿಲ್ದುರ್ ಬಗ್ಗೆ ಮಾತನಾಡುವಾಗ ರಾತ್ರೋರಾತ್ರಿ ಬಂದ ಹೆಸರು ಎಂಬಂತೆ ಮಾತನಾಡುತ್ತಾರೆ. ಅವರ ಮೊದಲ ಏಕವ್ಯಕ್ತಿ ಸಂಗ್ರಹ ಬಂದದ್ದು 2006ರಲ್ಲಿ. ಆಮೇಲೆ ವರ್ಷಗಟ್ಟಲೆ ಬೇರೆಯವರ ತಂಡಗಳಲ್ಲಿ ನುಡಿಸಿದರು, ತಮ್ಮದೇ ದೇಶದ ಯೋಹಾನ್ ಯೋಹಾನ್ಸನ್ ಅವರ ಚಿತ್ರಸಂಗೀತಗಳಿಗೆ ಚೆಲ್ಲೋ ನುಡಿಸಿದರು. ‘ಜೋಕರ್’ ಚಿತ್ರಕ್ಕೆ 2020ರಲ್ಲಿ ಆಸ್ಕರ್ ಬಂದಾಗ ಅವರಿಗೆ ಮೂವತ್ತೇಳು ವರ್ಷ. ಆ ಚಿತ್ರಕ್ಕೂ ಅವರು ಚಿತ್ರಕಥೆಯನ್ನು ಓದಿಕೊಂಡು, ಚಿತ್ರೀಕರಣಕ್ಕೆ ಮೊದಲೇ ಚೆಲ್ಲೋ ತುಣುಕುಗಳನ್ನು ಮಾಡಿ ನಿರ್ದೇಶಕರಿಗೆ ಕಳಿಸಿದ್ದರು. ನಾಯಕ ಶೌಚಾಲಯದೊಳಗೆ ಒಬ್ಬನೇ ನಿಧಾನವಾಗಿ ಕುಣಿಯುವ ದೃಶ್ಯವಿದೆಯಲ್ಲ, ಅಲ್ಲಿ ನಟ ವಾಕೀನ್ ಫೀನಿಕ್ಸ್ ಹೆಜ್ಜೆ ಹಾಕಿದ್ದು ಸೆಟ್ಟಿನಲ್ಲೇ ಕೇಳಿಸಿದ ಆ ಸಂಗೀತಕ್ಕೆ. ಸಂಗೀತ ಮೊದಲೇ ಇದ್ದದ್ದರಿಂದ ನಟನ ಮೈ ಅದನ್ನು ಹಿಡಿದುಕೊಂಡಿತು. ಕೆಲಸ ಮುಗಿದ ಮೇಲೆ ಹಚ್ಚಿದ ಸಂಗೀತಕ್ಕೆ ಇದು ಸಾಧ್ಯವೇ ಇಲ್ಲ. ನಿಮ್ಮ ಗೆಳೆಯನೊಂದಿಗೆ ಇಂದೇ ಈ ವಿಷಯವನ್ನು ಮಾತನಾಡಿ.

ಇನ್ನು ನಿರ್ಮಾಪಕರ ಪ್ರಶ್ನೆ. ಅವರ ಮೇಲೆ ಬೇಸರ ಬೇಡ, ಆ ಪ್ರಶ್ನೆಗೆ ಎಪ್ಪತ್ತು ವರ್ಷದ ಚರಿತ್ರೆಯಿದೆ. 1956ರಲ್ಲಿ ಹಾಲಿವುಡ್ಡಿನ ‘ಫರ್ಬಿಡನ್ ಪ್ಲಾನೆಟ್’ ಚಿತ್ರಕ್ಕೆ ನ್ಯೂಯಾರ್ಕಿನ ಬೆಬೆ ಮತ್ತು ಲೂಯಿಸ್ ಬ್ಯಾರನ್ ದಂಪತಿ ಪೂರ್ತಿಯಾಗಿ ಎಲೆಕ್ಟ್ರಾನಿಕ್ ಸಂಗೀತ ಮಾಡಿದರು. ಪೂರ್ಣಪ್ರಮಾಣದ ವಾಣಿಜ್ಯ ಚಿತ್ರವೊಂದಕ್ಕೆ ಹಾಗೆ ಮಾಡಿದ್ದು ಅದೇ ಮೊದಲು. ಆಗ ಕೀಲಿಮಣೆಯ ಸಿಂಥಸೈಜರುಗಳಿರಲಿಲ್ಲ. ಯಂತ್ರಗಳೂ ಜೀವಿಗಳೂ ತಮ್ಮನ್ನು ತಾವು ನಿಯಂತ್ರಿಸಿಕೊಳ್ಳುವ ಬಗೆಯ ಕುರಿತು ಗಣಿತಜ್ಞ ನಾರ್ಬರ್ಟ್ ವೀನರ್ ಬರೆದ ‘ಸೈಬರ್ನೆಟಿಕ್ಸ್’ ಗ್ರಂಥದಿಂದ ಪ್ರೇರಣೆ ಪಡೆದು ಅವರು ಹಳೆಯ ರೇಡಿಯೋಗಳಲ್ಲಿದ್ದಂಥ ಗಾಜಿನ ವಾಲ್ವುಗಳ ಸರ್ಕ್ಯೂಟುಗಳನ್ನು ತಾವೇ ಕಟ್ಟುತ್ತಿದ್ದರು. ಅವುಗಳಿಗೆ ತಡೆಯಲಾರದಷ್ಟು ವಿದ್ಯುತ್ತನ್ನು ಹರಿಸಿದಾಗ ಅವು ಚೀರುತ್ತಿದ್ದವು, ನರಳುತ್ತಿದ್ದವು, ಕೊನೆಗೆ ಸುಟ್ಟುಹೋಗುತ್ತಿದ್ದವು. ಒಮ್ಮೆ ಸುಟ್ಟ ಸರ್ಕ್ಯೂಟಿನಿಂದ ಅದೇ ಸದ್ದು ಮತ್ತೆ ಬರುವಂತಿರಲಿಲ್ಲ. ಟೇಪಿನಲ್ಲಿ ಹಿಡಿದದ್ದಷ್ಟೇ ಆಸ್ತಿ. ಆ ಟೇಪನ್ನು ನಿಧಾನಿಸಿ, ಹಿಂದುಮುಂದಾಗಿ ಓಡಿಸಿ, ಕತ್ತರಿಸಿ ಅಂಟಿಸಿ ಸಂಗೀತ ಮಾಡಿದರು. ಸಂಗೀತಗಾರರ ಸಂಘದ ತಕರಾರಿನ ಭಯಕ್ಕೆ ಶೀರ್ಷಿಕೆಯಲ್ಲಿ ‘ಸಂಗೀತ’ ಎಂಬ ಮಾತನ್ನೇ ಹಾಕಲಿಲ್ಲ. ‘ಎಲೆಕ್ಟ್ರಾನಿಕ್ ಟೊನ್ಯಾಲಿಟೀಸ್’ ಎಂದು ಹಾಕಿದರು. ಬ್ಯಾರನ್ ದಂಪತಿಗೆ ಇದರಿಂದ ನಷ್ಟವೇ ಆಯಿತು. ಇಂದು ಆ ಚಿತ್ರದ ಚರಿತ್ರೆಯನ್ನು ಬರೆಯುವ ಯಾರೂ ಅವರ ಹೆಸರನ್ನು ಬಿಟ್ಟು ಬರೆಯುವುದಿಲ್ಲ.

ನಿರ್ಮಾಪಕರಿಗೆ ಈ ಕಥೆಯನ್ನು ಹೇಳಿ ಒಪ್ಪಿಸಲು ಹೋಗಬೇಡಿ. ಚಿತ್ರವಿಲ್ಲದೆ ಬರೀ ಧ್ವನಿಯನ್ನು ಕಳಿಸಿದರೆ ಯಾರಿಗೇ ಆದರೂ ಅದು ಸದ್ದೇ. ಮೊಬೈಲಿನಲ್ಲಾದರೂ ಸರಿ, ಕಾರ್ಖಾನೆಯೊಳಗೆ ಒಬ್ಬ ಮನುಷ್ಯ ನಡೆದುಹೋಗುವ ಎರಡು ನಿಮಿಷದ ದೃಶ್ಯವನ್ನು ಗೆಳೆಯನಿಂದ ತೆಗೆಸಿ, ಅದರ ಮೇಲೆ ನಿಮ್ಮ ಕೆಲಸವನ್ನು ಕೂರಿಸಿ, ದೊಡ್ಡ ಸ್ಪೀಕರಿನಲ್ಲಿ ಕೇಳಿಸಿ. ಮಾತಿನಿಂದ ಬಗೆಹರಿಯದ್ದು ಅಲ್ಲಿ ಬಗೆಹರಿಯುತ್ತದೆ.

ಯಾರ ಕೆಲಸ ಕೇಳಬೇಕು ಎಂದಿರಿ. ಒಬ್ಬರನ್ನೇ ಹೆಸರಿಸಬೇಕೆಂದರೆ ನಾನು ರಷ್ಯಾದ ಎಡ್ವರ್ಡ್ ಆರ್ತೆಮ್ಯೇವ್ ಅವರನ್ನು ಹೆಸರಿಸುತ್ತೇನೆ. ನಿರ್ದೇಶಕ ತಾರ್ಕೋವ್‌ಸ್ಕಿಯವರ ‘ಸೊಲಾರಿಸ್’ (1972) ಮತ್ತು ‘ಸ್ಟಾಕರ್’ (1979) ಚಿತ್ರಗಳಿಗೆ ಸಂಗೀತ ಅವರದು. ತಮಗೆ ಸಿದ್ಧ ಸಂಗೀತ ಬೇಡ, ಚಿತ್ರದ ಸದ್ದುಗಳನ್ನು ಸಂಯೋಜಕನ ಕಿವಿಯಿಂದ ಜೋಡಿಸುವವರು ಬೇಕು ಎಂಬುದು ತಾರ್ಕೋವ್‌ಸ್ಕಿಯವರ ಬೇಡಿಕೆಯಾಗಿತ್ತು. ಆರ್ತೆಮ್ಯೇವ್ ಮಾಸ್ಕೋದಲ್ಲಿ ಬಳಸಿದ ಎಎನ್‌ಎಸ್ ಎಂಬ ಯಂತ್ರದ ರಚನೆ ವಿಸ್ಮಯಕಾರಿ. ಎಂಜಿನಿಯರ್ ಯೆವ್ಗೆನಿ ಮುರ್ಝಿನ್ ಅದನ್ನು ಕಟ್ಟಿದ್ದು. ಸಂಯೋಜಕ ಅಲೆಕ್ಸಾಂಡರ್ ನಿಕೊಲಾಯೆವಿಚ್ ಸ್ಕ್ರ್ಯಾಬಿನ್ ಅವರ ಹೆಸರಿನ ಮೊದಲಕ್ಷರಗಳನ್ನೇ ಯಂತ್ರಕ್ಕೆ ಇಟ್ಟರು. ಗಾಜಿನ ಹಲಗೆಗೆ ಒಣಗದ ಕಪ್ಪು ಲೇಪ ಹಚ್ಚಿರುತ್ತದೆ. ಸಂಯೋಜಕ ಅದನ್ನು ಕೆರೆದು ಗೆರೆ ಎಳೆಯಬೇಕು. ಕೆರೆದ ಜಾಗದಲ್ಲಿ ಬೆಳಕು ಹಾಯ್ದು ಧ್ವನಿಯಾಗುತ್ತದೆ. ಗೆರೆಯ ಎತ್ತರ ಶ್ರುತಿಯನ್ನು, ಉದ್ದ ಕಾಲವನ್ನು ನಿರ್ಧರಿಸುತ್ತದೆ. ಎಲ್ಲ ಸೇರಿ 720 ಶುದ್ಧ ಸ್ವರಗಳು. ಗೆರೆ ತಪ್ಪಿದರೆ ಲೇಪ ಸವರಿ ಮತ್ತೆ ಎಳೆಯುವುದು.

‘ಸ್ಟಾಕರ್’ನ ಒಂದು ದೃಶ್ಯವನ್ನು ನೀವು ಕಣ್ಣು ತೆರೆದು ಒಮ್ಮೆ, ಕಣ್ಣು ಮುಚ್ಚಿ ಹಲವು ಸಲ ಕೇಳಬೇಕು. ಮೂವರು ಗಂಡಸರು ಹಳಿಯ ಮೇಲೆ ಓಡುವ ಸಣ್ಣ ಟ್ರಾಲಿಯಲ್ಲಿ ಕುಳಿತು ನಿಷಿದ್ಧ ಪ್ರದೇಶದ ಕಡೆಗೆ ಹೋಗುತ್ತಾರೆ. ಕ್ಯಾಮೆರಾ ಅವರ ತಲೆಯ ಹಿಂಭಾಗವನ್ನೂ ಮುಖಗಳನ್ನೂ ಹತ್ತಿರದಿಂದ ನೋಡುತ್ತಿರುತ್ತದೆ, ಹಿಂದೆ ಪಾಳುಬಿದ್ದ ಊರು ಮಸುಕಾಗಿ ಸರಿಯುತ್ತದೆ. ಮಾತಿಲ್ಲ. ಮೊದಲು ಕೇಳಿಸುವುದು ಹಳಿಯ ಕೂಡುಗಳ ಮೇಲೆ ಚಕ್ರ ಬಡಿಯುವ ‘ಟಕ್ ಟಕ್’ ಮಾತ್ರ. ನಿಧಾನವಾಗಿ ಆ ಬಡಿತಕ್ಕೆ ಒಂದು ಅನುರಣನ ಅಂಟಿಕೊಳ್ಳುತ್ತದೆ. ಆಮೇಲೆ ಬಡಿತದ ತುದಿ ಲೋಹದ್ದಾಗಿಯೇ ಇದ್ದು ಅದರ ಬಾಲ ಎಲೆಕ್ಟ್ರಾನಿಕ್ ಆಗುತ್ತದೆ. ಇನ್ನೂ ಸ್ವಲ್ಪ ಹೊತ್ತಿಗೆ ಚಕ್ರದ ಸದ್ದು ಚಕ್ರವನ್ನೇ ಬಿಟ್ಟು ತನ್ನ ಪಾಡಿಗೆ ತೇಲತೊಡಗುತ್ತದೆ. ಸದ್ದು ಎಲ್ಲಿ ಮುಗಿದು ಸಂಗೀತ ಎಲ್ಲಿ ಶುರುವಾಯಿತು ಎಂದು ಬೆರಳಿಟ್ಟು ತೋರಿಸಲು ಆಗುವುದಿಲ್ಲ. ಗಡಿ ದಾಟಿದ್ದು ಪಾತ್ರಗಳಿಗೂ ನಮಗೂ ಒಟ್ಟಿಗೇ, ತಿಳಿಯದಂತೆಯೇ ಆಗುತ್ತದೆ. ಪ್ರಾಯೋಗಿಕ ಎಲೆಕ್ಟ್ರಾನಿಕ್ ಚಿತ್ರಸಂಗೀತದ ಬಗ್ಗೆ ನಾನು ಪಾಠ ಮಾಡುವಾಗ ಈ ಕೆಲವು ನಿಮಿಷಗಳಿಗಿಂತ ಒಳ್ಳೆಯ ಪಠ್ಯ ನನಗೆ ಸಿಕ್ಕಿಲ್ಲ. ನಿಮ್ಮ ಮಾದರಿಯಲ್ಲಿ ಎಲೆಕ್ಟ್ರಾನಿಕ್ ಧ್ವನಿ ಮೊದಲ ಸೆಕೆಂಡಿನಿಂದಲೇ ಎಲೆಕ್ಟ್ರಾನಿಕ್ ಆಗಿ ಕೇಳಿಸುತ್ತಿದ್ದರೆ, ನಿರ್ಮಾಪಕರಿಗೆ ಆದ ಕಸಿವಿಸಿಯ ಮೂಲ ಅಲ್ಲಿರಬಹುದು.

ಅದೇ ಚಿತ್ರದ ಶೀರ್ಷಿಕೆ ಸಂಗೀತದಲ್ಲಿ ಆರ್ತೆಮ್ಯೇವ್ ಹಳೆಯ ಯುರೋಪಿನ ರಾಗವೊಂದನ್ನು ನಿಶ್ಚಲವಾದ ಆಧಾರ ಶ್ರುತಿಯ ಮೇಲೆ ಇಟ್ಟರು. ಆ ಕಲ್ಪನೆಯ ಹಿಂದೆ ಭಾರತೀಯ ಸಂಗೀತವಿತ್ತು. ತಂಬೂರಿಯನ್ನು ಕೇಳುತ್ತ ಬೆಳೆದ ನಮಗೆ ಅದು ಕೇಳಿದ ಕೂಡಲೇ ಗೊತ್ತಾಗುತ್ತದೆ. ಇಲ್ಲಿ ಒಂದು ಎಚ್ಚರಿಕೆಯನ್ನೂ ಹೇಳಲೇಬೇಕು. ಇತ್ತೀಚೆಗೆ ಗಂಭೀರ ಚಿತ್ರ ಎಂದು ತೋರಿಸಲು ಕೆಳಸ್ಥಾಯಿಯ ಒಂದು ಗುಂಯ್‌ಗುಡುವಿಕೆಯನ್ನು ಉದ್ದಕ್ಕೂ ಹಾಸಿಬಿಡುವ ಚಾಳಿ ಬಂದಿದೆ. ಮಿಕ್ಸಿಂಗ್ ಕೋಣೆಯಲ್ಲಿ ಕುಳಿತು ಅಂಥ ಗುಂಯ್‌ಕಾರಗಳನ್ನು ಕೇಳಿ ಕೇಳಿ ನನಗೆ ನಿಜಕ್ಕೂ ನೋವಾಗುತ್ತದೆ, ಏಕೆಂದರೆ ಅವುಗಳ ಒಳಗೆ ಏನೂ ನಡೆಯುತ್ತಿರುವುದಿಲ್ಲ. ತಂಬೂರಿ ಒಂದೇ ಸ್ವರವನ್ನು ಹಿಡಿದಂತೆ ಕಂಡರೂ ಜೀವಾಳಿಯ ದಾರದಿಂದಾಗಿ ಅದರ ಉಪಸ್ವರಗಳು ಒಂದಾದ ಮೇಲೊಂದು ಅರಳುತ್ತಿರುತ್ತವೆ. ಒಂದೇ ಸಮನೆ ಸ್ವರ ಹುಟ್ಟಿಸುವ ಎಲೆಕ್ಟ್ರಾನಿಕ್ ಸಾಧನವಾದ ಆಸಿಲೇಟರಿನಲ್ಲೂ ನೀವು ಆ ಒಳಚಲನೆಯನ್ನು ಕಟ್ಟಬಹುದು. 110 ಹರ್ಟ್ಝ್‌ನ (ಸೆಕೆಂಡಿಗೆ 110 ಕಂಪನಗಳ) ಸ್ವರದ ಪಕ್ಕದಲ್ಲಿ 110.5 ಹರ್ಟ್ಝ್‌ನ ಇನ್ನೊಂದನ್ನು ಇಟ್ಟರೆ ಎರಡು ಸೆಕೆಂಡಿಗೊಮ್ಮೆ ಧ್ವನಿ ಏರಿ ಇಳಿಯುತ್ತದೆ. ಆ ಅಂತರವನ್ನು ದೃಶ್ಯದುದ್ದಕ್ಕೂ ಬಹಳ ನಿಧಾನವಾಗಿ ಬದಲಿಸಿ ನೋಡಿ. ಕೇಳುವವರಿಗೆ ಸ್ವರ ಬದಲಾಗಿದ್ದು ತಿಳಿಯುವುದಿಲ್ಲ, ಆದರೆ ನೆಮ್ಮದಿ ಕದಡಿದ್ದು ತಿಳಿಯುತ್ತದೆ.

ನಮ್ಮ ನೆಲದಲ್ಲಿ ಇದಕ್ಕೆಲ್ಲ ಹಿನ್ನೆಲೆಯೇ ಇಲ್ಲ ಎಂದು ಭಾವಿಸಬೇಡಿ. 1969ರಲ್ಲೇ ಅಹಮದಾಬಾದಿನ ರಾಷ್ಟ್ರೀಯ ವಿನ್ಯಾಸ ಸಂಸ್ಥೆಯಲ್ಲಿ ಅಮೆರಿಕದ ಸಂಗೀತಗಾರ ಡೇವಿಡ್ ಟ್ಯೂಡರ್ ಅವರ ನೆರವಿನಿಂದ ಮೂಗ್ ಸಿಂಥಸೈಜರ್ ಇದ್ದ ಎಲೆಕ್ಟ್ರಾನಿಕ್ ಸಂಗೀತ ಸ್ಟುಡಿಯೋ ಶುರುವಾಗಿತ್ತು. ಗೀತಾ ಸಾರಾಭಾಯಿ, ಅತುಲ್ ದೇಸಾಯಿ, ಜಿನರಾಜ್ ಜೋಶಿಪುರ ಮೊದಲಾದವರು ಅಲ್ಲಿ ಮಾಡಿದ ಟೇಪುಗಳು ದಶಕಗಳ ಕಾಲ ಕಪಾಟಿನಲ್ಲಿದ್ದು ಈಚೆಗೆ ಹೊರಬಂದಿವೆ, ಹುಡುಕಿ ಕೇಳಿ. ಕನ್ನಡ ಚಿತ್ರರಂಗದಲ್ಲಿ ‘ಸಂಸ್ಕಾರ’ಕ್ಕೆ (1970) ಸರೋದ್ ವಾದಕ ರಾಜೀವ ತಾರಾನಾಥರು ಸಂಗೀತ ಕೊಟ್ಟರು. ಬಿ.ವಿ. ಕಾರಂತರಿಗೆ ‘ಋಷ್ಯಶೃಂಗ’ ಮತ್ತು ‘ಘಟಶ್ರಾದ್ಧ’ ಚಿತ್ರಗಳಿಗಾಗಿ 1976 ಮತ್ತು 1977ರ ಸಾಲಿನ ರಾಷ್ಟ್ರಪ್ರಶಸ್ತಿ ಬೆನ್ನುಬೆನ್ನಿಗೆ ಬಂತು. ಇವರು ಯಾರೂ ಆಸಿಲೇಟರ್ ಮುಟ್ಟಿ ಮಾಡಿದವರಲ್ಲ. ಆದರೆ ರಂಗದ ಮೇಲೆ ಕಲ್ಲು, ಕೋಲು, ಬಾಯಿ, ಉಸಿರು ಯಾವುದನ್ನೂ ವಾದ್ಯವಾಗಿಸಬಲ್ಲವರಾಗಿದ್ದ ಕಾರಂತರು ಇಂದು ನಿಮ್ಮ ಜೊತೆ ಆ ಕಾರ್ಖಾನೆಗೆ ಬಂದಿದ್ದರೆ ಮೊದಲು ಕೈಗೆತ್ತಿಕೊಳ್ಳುತ್ತಿದ್ದದ್ದು ಹೆಂಚನ್ನೇ ಎಂದು ನನಗೆ ಅನಿಸುತ್ತದೆ.

ಹೆಂಚಿನ ವಿಷಯಕ್ಕೇ ಬರುತ್ತೇನೆ. 1865ರಲ್ಲಿ ಬಾಸೆಲ್ ಮಿಷನ್ ಜೆಪ್ಪುವಿನಲ್ಲಿ ಕಾರ್ಖಾನೆ ತೆರೆದಂದಿನಿಂದ ನಿಮ್ಮ ಊರಿನ ಚರಿತ್ರೆಯಲ್ಲಿ ಹೆಂಚಿಗೆ ದೊಡ್ಡ ಪಾತ್ರವಿದೆ. ಅದಕ್ಕೊಂದು ಧ್ವನಿಯೂ ಇದೆ. ಚೆನ್ನಾಗಿ ಬೆಂದ ಹೆಂಚನ್ನು ಬೆರಳಗಂಟಿನಿಂದ ತಟ್ಟಿದರೆ ‘ಟಣ್’ ಎನ್ನುತ್ತದೆ. ಅರೆಬೆಂದದ್ದು, ಕಣ್ಣಿಗೆ ಕಾಣದ ಬಿರುಕು ಬಿಟ್ಟದ್ದು ‘ಡಬ್’ ಎಂದು ಸತ್ತ ಸದ್ದು ಕೊಡುತ್ತದೆ. ಅಲ್ಲಿ ದುಡಿದ ಹಿರಿಯರನ್ನು ಹುಡುಕಿ, ಅವರ ಕೈಯಿಂದಲೇ ಹೆಂಚುಗಳನ್ನು ತಟ್ಟಿಸಿ, ಆರಿಸುವಾಗಿನ ಅವರ ಲಯವನ್ನು ದಾಖಲಿಸಿ. ಆ ಕೈಗೆ ಇರುವ ತೀರ್ಮಾನ ನಿಮ್ಮ ಕೈಗಾಗಲಿ ನನ್ನ ಕೈಗಾಗಲಿ ಇರುವುದಿಲ್ಲ. ಒಂದೊಂದು ಹೆಂಚಿಗೂ ಒಂದೊಂದು ಶ್ರುತಿಯಿರುತ್ತದೆ. ಸಾಲಾಗಿ ಜೋಡಿಸಿದರೆ ಯಾವ ಕೀಲಿಮಣೆಯಲ್ಲೂ ಇಲ್ಲದ, ಆ ಕಾರ್ಖಾನೆಗೆ ಮಾತ್ರ ಸೇರಿದ ಸ್ವರಶ್ರೇಣಿ ನಿಮಗೆ ಸಿಗುತ್ತದೆ. ಅದನ್ನು ಹಾರ್ಮೋನಿಯಂ ಶ್ರುತಿಗೆ ತಿದ್ದಲು ಹೋಗಬೇಡಿ.

ಹೆಂಚು ಸುಡುವ ಗೂಡಿನ ಒಳಗೆ ಬಲೂನು ಒಡೆದು ಅದರ ಅನುರಣನವನ್ನು ಹಿಡಿಯಿರಿ, ಚಿಮಣಿಯ ಬುಡದಲ್ಲೂ ಹಾಗೇ ಮಾಡಿ. ಅಚ್ಚಿನ ಯಂತ್ರದ ಕಬ್ಬಿಣಕ್ಕೆ ಸ್ಪರ್ಶ ಮೈಕನ್ನು ಅಂಟಿಸಿ. ಕಂಪನವನ್ನು ವಿದ್ಯುತ್ತಾಗಿಸುವ ಪೀಜೋ ಬಿಲ್ಲೆಗೆ ತಂತಿ ಬೆಸೆದು ನೀವೇ ಮಾಡಿಕೊಳ್ಳಬಹುದಾದ ಅಗ್ಗದ ವಸ್ತು ಅದು. ಗಾಳಿಯಲ್ಲಿ ಕೇಳದ, ಲೋಹದ ಮೈಯೊಳಗೆ ಮಾತ್ರ ಓಡಾಡುವ ಕಂಪನ ಅದರಲ್ಲಿ ಕೇಳಿಸುತ್ತದೆ. ಹರಕು ಛಾವಣಿಯ ಮೇಲೆ ಮಳೆ ಬೀಳುವಾಗಿನ ಸದ್ದು ಬೇರೆ, ನಿಂತ ಮೇಲೆ ತೊಟ್ಟಿಕ್ಕುವಾಗಿನದು ಬೇರೆ. ಧ್ವನಿಯನ್ನು ನಿಧಾನಿಸಿ ಬಳಸುವ ಉದ್ದೇಶವಿದ್ದರೆ 96 ಕಿಲೋಹರ್ಟ್ಝ್‌ನಲ್ಲಿ ದಾಖಲಿಸಿ, 24 ಬಿಟ್ ಇರಲಿ. ಕಾರಣ ಹೀಗಿದೆ: ದಾಖಲಿಸುವ ಈ ದರದ ಅರ್ಧದಷ್ಟು ಕಂಪನಾಂಕದವರೆಗಿನ ಸದ್ದು ಮಾತ್ರ ಕಡತದಲ್ಲಿ ಉಳಿಯುತ್ತದೆ. 48 ಕಿಲೋಹರ್ಟ್ಝ್‌ನಲ್ಲಿ ಹಿಡಿದದ್ದನ್ನು ನಾಲ್ಕು ಪಟ್ಟು ನಿಧಾನಿಸಿದರೆ ಅದು ಎರಡು ಸ್ಥಾಯಿ ಕೆಳಗಿಳಿದು, 6000 ಹರ್ಟ್ಝ್‌ಗಿಂತ ಮೇಲೆ ಏನೂ ಉಳಿಯದೆ ಕಂಬಳಿ ಹೊದ್ದಂತೆ ಕೇಳಿಸುತ್ತದೆ. 96ರಲ್ಲಿ ಹಿಡಿದು, ಮೈಕಿಗೂ ಆ ಶಕ್ತಿಯಿದ್ದರೆ, ಹೊಳಪು ಉಳಿಯುತ್ತದೆ. ಪ್ರತಿ ಸದ್ದಿಗೂ ಎಲ್ಲಿ, ಯಾವುದರಿಂದ, ಎಷ್ಟು ದೂರದಿಂದ ಎಂದು ಬರೆದಿಡಿ. ಆರು ತಿಂಗಳ ನಂತರ ನೆನಪು ಕೈಕೊಡುತ್ತದೆ.

ಇಷ್ಟೆಲ್ಲ ತಂದ ಮೇಲೆ ಬಹುಪಾಲನ್ನು ಬಿಟ್ಟುಬಿಡಬೇಕು. ನಿಮಗೆ ನನ್ನ ಮುಖ್ಯವಾದ ಸಲಹೆ ಇದೇ. ಲ್ಯಾಪ್‌ಟಾಪಿನಲ್ಲಿ ಸಾವಿರಾರು ಸಿದ್ಧ ಧ್ವನಿಗಳಿರುವುದರಿಂದ ಎಲ್ಲವನ್ನೂ ಸ್ವಲ್ಪ ಸ್ವಲ್ಪ ಬಳಸುವ ಆಸೆ ಬರುತ್ತದೆ. ಆಗ ಚಿತ್ರಕ್ಕೆ ತನ್ನದೇ ಆದ ಧ್ವನಿ ಉಳಿಯುವುದಿಲ್ಲ. ನಾನಾಗಿದ್ದರೆ ಹೆಂಚಿನ ಟಣತ್ಕಾರ, ಗೂಡಿನ ಅನುರಣನ, ಒಂದು ಹೆಣ್ಣು ದನಿ, ಒಂದು ಆಸಿಲೇಟರ್ ಇಷ್ಟನ್ನೇ ಇಟ್ಟುಕೊಳ್ಳುತ್ತಿದ್ದೆ. ಅವುಗಳಿಗೆ ಕಥೆಯಿಂದ ಒಂದು ನಿಯಮವನ್ನೂ ಹಾಕುತ್ತಿದ್ದೆ. ಉದಾಹರಣೆಗೆ, ಕಾರ್ಖಾನೆ ನಡೆಯುತ್ತಿದ್ದ ಕಾಲ ನೆನಪಾಗಿ ಬರುವಾಗ ಮಾತ್ರ ತಟ್ಟಿದ ಹೆಂಚಿನ ಪೂರ್ತಿ ನಾದ ಕೇಳಿಸಲಿ. ವರ್ತಮಾನದ ದೃಶ್ಯಗಳಲ್ಲಿ ಆ ನಾದದ ತಲೆಯನ್ನು ಕತ್ತರಿಸಿ ಬರೀ ಅನುರಣನದ ಬಾಲವನ್ನು ಉಳಿಸಿ. ಹೊಡೆತವೇ ಇಲ್ಲದೆ ಅದರ ಅನುರಣನ ಮಾತ್ರ ಕೇಳಿಸುತ್ತದೆ. ಇದನ್ನು ಯಾರಿಗೂ ವಿವರಿಸಬೇಕಾಗಿಲ್ಲ. ನಿಯಮ ನಿಮಗೂ ನಿರ್ದೇಶಕರಿಗೂ ಗೊತ್ತಿದ್ದರೆ ಸಾಕು, ಕೆಲಸದುದ್ದಕ್ಕೂ ಅದೇ ದಾರಿ ತೋರಿಸುತ್ತದೆ.

ಬಿಡುವುದರ ಬಗ್ಗೆ ಹೇಳುವಾಗ ಮೀಕಾ ಲೆವಿ ಅವರನ್ನು ನೆನೆಯಲೇಬೇಕು. ಲಂಡನ್ನಿನ ಒಂದು ಸಣ್ಣ ತಂಡದಲ್ಲಿ ಹಾಡುತ್ತ, ಕೈಯಾರೆ ಮಾಡಿದ ವಾದ್ಯಗಳನ್ನು ನುಡಿಸುತ್ತ ಇದ್ದವರು. ಚಿತ್ರಸಂಗೀತದ ಅನುಭವವೇ ಇಲ್ಲದೆ, ಇಪ್ಪತ್ತರ ಹರೆಯದಲ್ಲಿ ನಿರ್ದೇಶಕ ಜೊನಾಥನ್ ಗ್ಲೇಜರ್ ಅವರ ‘ಅಂಡರ್ ದಿ ಸ್ಕಿನ್’ (2013) ಚಿತ್ರಕ್ಕೆ ಕೈಹಾಕಿದರು. ಅಲ್ಲಿ ಪಿಟೀಲಿಗಿಂತ ತುಸು ದೊಡ್ಡದಾದ ವಯೋಲಾದ ಎಳೆತವನ್ನು ನಿಧಾನಿಸಿ, ಶ್ರುತಿ ಜಾರಿಸಿ, ಮನುಷ್ಯ ರೂಪ ಧರಿಸಿ ಬಂದ ಜೀವಿಯೊಂದರ ಕಿವಿಯಿಂದ ನಾವು ಲೋಕವನ್ನು ಕೇಳುವಂತೆ ಮಾಡಿದರು. ಹತ್ತು ವರ್ಷದ ನಂತರ ಅದೇ ಗ್ಲೇಜರ್ ಜೊತೆ ‘ದಿ ಝೋನ್ ಆಫ್ ಇಂಟರೆಸ್ಟ್’ (2023) ಮಾಡಿದಾಗ, ಬರೆದ ಸಂಗೀತದ ಬಹುಭಾಗವನ್ನು ಚಿತ್ರದಿಂದ ತೆಗೆದರು. ಆಶ್ವಿಟ್ಜ್ ಶಿಬಿರದ ಗೋಡೆಗೆ ಅಂಟಿಕೊಂಡ ಅಧಿಕಾರಿಯ ಮನೆಯ ಕಥೆ ಅದು. ಗೋಡೆಯಾಚೆ ನಡೆಯುವುದನ್ನು ತೋರಿಸುವುದಿಲ್ಲ, ಕೇಳಿಸುತ್ತಾರೆ ಅಷ್ಟೆ. ಆ ಸದ್ದುಗಳ ಮೇಲೆ ಸಂಗೀತ ಕೂತರೆ ಪ್ರೇಕ್ಷಕರಿಗೆ ತಪ್ಪಿಸಿಕೊಳ್ಳಲು ದಾರಿ ಸಿಕ್ಕಂತಾಗುತ್ತದೆ. ಆದ್ದರಿಂದ ಉಳಿದದ್ದು ಮುಖ್ಯವಾಗಿ ಆರಂಭದ ಕಪ್ಪು ಪರದೆಯ ಮೇಲಿನ ಸಂಗೀತ ಮತ್ತು ಕೊನೆಯದು. ನಡುವೆ ಕೆಲವೇ ಕಡೆ ಬಂದುಹೋಗುತ್ತದೆ. ಆ ಚಿತ್ರದ ಶಬ್ದ ವಿಭಾಗಕ್ಕೆ ಆಸ್ಕರ್ ಬಂತು. ತನ್ನ ಕೆಲಸವನ್ನು ತೆಗೆಯಲು ಒಪ್ಪಿದ ಸಂಯೋಜಕರಿಗೂ ಅದರಲ್ಲಿ ಪಾಲಿದೆ ಎಂದು ನಾನು ನಂಬುತ್ತೇನೆ. ನಿಮ್ಮ ತುಣುಕುಗಳನ್ನು ಗೆಳೆಯ ತೆಗೆಯುವ ದಿನ ಬರುತ್ತದೆ, ಆಗ ಈ ಚಿತ್ರವನ್ನು ಇನ್ನೊಮ್ಮೆ ನೋಡಿ.

ನಿಮ್ಮಂಥ ಚಿತ್ರದಲ್ಲಿ ಸಂಗೀತಗಾರನಿಗೂ ಶಬ್ದ ವಿನ್ಯಾಸಕನಿಗೂ ನಡುವಿನ ಗೆರೆ ಅಳಿಸಿಹೋಗುತ್ತದೆ. ಚಿಮಣಿಯೊಳಗಿನ ಗಾಳಿಯ ಸದ್ದು ಯಾರದು? ಇಬ್ಬರೂ ಬೇರೆ ಬೇರೆಯಾಗಿ ಮಾಡಿ ತಂದು ಅಂತಿಮ ಮಿಕ್ಸಿಂಗ್‌ನಲ್ಲಿ ಮೊದಲ ಬಾರಿಗೆ ಮುಖ ನೋಡಿಕೊಂಡರೆ, ಅಲ್ಲಿ ಸಿಗುವ ಕೆಲವೇ ದಿನಗಳಲ್ಲಿ ಒಬ್ಬರ ಕೆಲಸವನ್ನು ಇಳಿಸುವುದು ಬಿಟ್ಟು ಬೇರೆ ದಾರಿಯಿರುವುದಿಲ್ಲ. ಸಂಕಲನ ನಡೆಯುವಾಗಲೇ ಶಬ್ದ ವಿನ್ಯಾಸಕರೊಂದಿಗೆ ಕುಳಿತು ದೃಶ್ಯವಾರು ಹಂಚಿಕೊಳ್ಳಿ. ಮಾತಿನ ಸ್ಪಷ್ಟತೆ ಬಹುಪಾಲು 1000ದಿಂದ 4000 ಹರ್ಟ್ಝ್‌ಗಳ ನಡುವೆ ಇರುತ್ತದೆ. ತಟ್ಟಿದ ಹೆಂಚಿನ ಹೊಳಪಿನ ದೊಡ್ಡ ಪಾಲೂ ಅಲ್ಲಿಯೇ ಬೀಳಬಹುದು, ಆದ್ದರಿಂದ ಮಾತಿರುವ ಕಡೆ ಹೆಂಚು ಬೇಡ. ಇನ್ನೊಂದು ಕಡೆ, 40 ಹರ್ಟ್ಝ್‌ನ ಗುಡುಗು ಚಿತ್ರಮಂದಿರದಲ್ಲಿ ಎದೆಗೆ ತಾಗುತ್ತದೆ, ಮೊಬೈಲಿನಲ್ಲಿ ಇಲ್ಲವೇ ಇಲ್ಲ. ದೃಶ್ಯದ ಭಾರವನ್ನೆಲ್ಲ ಅದರ ಮೇಲೆ ಹೊರಿಸಿದರೆ ಮನೆಯಲ್ಲಿ ನೋಡುವವರ ಪಾಲಿಗೆ ಆ ದೃಶ್ಯವೇ ಖಾಲಿ. ಕೊನೆಗೆ ಒಪ್ಪಿಸುವಾಗ 48 ಕಿಲೋಹರ್ಟ್ಝ್, 24 ಬಿಟ್‌ನಲ್ಲಿ ಹೆಂಚು, ದನಿ, ಆಸಿಲೇಟರ್ ಒಂದೊಂದನ್ನೂ ಬೇರೆ ಬೇರೆ ಕಡತವಾಗಿ ಕೊಡಿ. ಎಲ್ಲವನ್ನೂ ಕಲಸಿ ಒಂದೇ ಕಡತ ಕೊಟ್ಟರೆ ಮಿಕ್ಸಿಂಗ್ ಮಾಡುವವರ ಕೈ ಕಟ್ಟಿದಂತೆ.

ಸಂಕಲನಕಾರರು ತಾತ್ಕಾಲಿಕವಾಗಿ ಬೇರೆ ಚಿತ್ರದ ಸಂಗೀತವನ್ನು ಹಾಕಿಕೊಂಡು ಕತ್ತರಿಸುವ ರೂಢಿಯೂ ಇದೆ. ತಿಂಗಳುಗಟ್ಟಲೆ ಅದನ್ನೇ ಕೇಳಿದ ನಿರ್ದೇಶಕರಿಗೆ ಕೊನೆಗೆ ಅದರ ನಕಲೇ ಬೇಕಾಗುತ್ತದೆ. ನೀವು ಈಗಲೇ ಹತ್ತಾರು ಕಚ್ಚಾ ತುಣುಕುಗಳನ್ನು ಕೊಟ್ಟುಬಿಟ್ಟರೆ ಆ ಸ್ಥಾನದಲ್ಲಿ ನಿಮ್ಮ ಸಂಗೀತವೇ ಕೂರುತ್ತದೆ.

ಶಾಸ್ತ್ರೀಯ ಅಭ್ಯಾಸವಿಲ್ಲ ಎಂಬ ಅಳುಕು ಬೇಡ, ಆದರೆ ಅದನ್ನು ಹೆಮ್ಮೆಯ ವಿಷಯವಾಗಿಯೂ ಮಾಡಿಕೊಳ್ಳಬೇಡಿ. ಹತ್ತಿರದಲ್ಲಿ ಯಾರಾದರೂ ಗುರುಗಳಿದ್ದರೆ ದಿನಕ್ಕೆ ಸ್ವಲ್ಪ ಹೊತ್ತು ಶ್ರುತಿ ಹಿಡಿದು ಹಾಡುವುದನ್ನು ಕಲಿಯಿರಿ. 110ಕ್ಕೂ 110.5ಕ್ಕೂ ಇರುವ ವ್ಯತ್ಯಾಸ ಪರದೆಯ ಮೇಲಿನ ಅಂಕಿಯಲ್ಲಿ ಕಂಡರೆ ಸಾಲದು, ಗಂಟಲಿನಲ್ಲೂ ತಿಳಿಯಬೇಕು.

ಕೊನೆಯದಾಗಿ, ಗೆಳೆಯನ ಚಿತ್ರವೆಂದು ಬಾಯಿಮಾತಿನಲ್ಲಿ ಬಿಡದೆ ಒಪ್ಪಂದ ಬರೆದುಕೊಳ್ಳಿ. ಸ್ನೇಹ ಉಳಿಯಲಿ ಎಂದೇ ಇದನ್ನು ಹೇಳುತ್ತಿದ್ದೇನೆ. 2012ರಲ್ಲಿ ತಿದ್ದುಪಡಿಯಾದ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ, ಚಿತ್ರಮಂದಿರದಲ್ಲಿ ಚಿತ್ರದೊಂದಿಗೆ ಪ್ರದರ್ಶನವಾಗುವುದನ್ನು ಬಿಟ್ಟು ಬೇರೆ ಬಳಕೆಗಳಿಂದ ಬರುವ ರಾಯಧನದಲ್ಲಿ ಸಂಯೋಜಕರಿಗೆ ಸಮಪಾಲಿನ ಹಕ್ಕಿದೆ. ಅದನ್ನು ನಿಮ್ಮ ವಾರಸುದಾರರಿಗೆ ಅಥವಾ ಕೃತಿಸ್ವಾಮ್ಯ ಸಂಘಕ್ಕೆ ಮಾತ್ರ ವಹಿಸಬಹುದು. ಬೇರೆ ಯಾರಿಗೂ ಬಿಟ್ಟುಕೊಡಲು ಕಾಯ್ದೆಯಲ್ಲೇ ಅವಕಾಶವಿಲ್ಲ. ಕಾರ್ಖಾನೆಯಲ್ಲಿ ನೀವು ದಾಖಲಿಸಿದ ಮೂಲ ಧ್ವನಿಗಳು ಯಾರ ಒಡೆತನದಲ್ಲಿರುತ್ತವೆ, ಅವುಗಳನ್ನು ನಿಮ್ಮ ಸ್ವಂತ ಸಂಗ್ರಹದಲ್ಲಿ ಬಳಸಬಹುದೇ ಎಂಬುದನ್ನೂ ಒಪ್ಪಂದದಲ್ಲಿ ಸೇರಿಸಿ. ಶೀರ್ಷಿಕೆಯಲ್ಲಿ ನಿಮ್ಮ ಹೆಸರಿನ ಹಿಂದೆ ‘ಸಂಗೀತ’ ಎಂದೇ ಬರಬೇಕು ಎಂದೂ ಬರೆಸಿ. ಹೆಂಚು ತಟ್ಟಿಕೊಟ್ಟ ಕಾರ್ಮಿಕರ ಹೆಸರುಗಳು, ಅವರು ಒಪ್ಪಿದರೆ, ಅದರ ಕೆಳಗೇ ಬರಲಿ.